82 ದಿನದ ಕುರ್ಚಿ: ಟಿಕೆಟ್ ಹಂಚುವವರಿಗೆ ಒಂದು ಬಹಿರಂಗ ಪತ್ರ

ಗೆ,
ಕರ್ನಾಟಕದ ಎಲ್ಲ ರಾಜಕೀಯ ಪಕ್ಷಗಳ ರಾಜ್ಯಾಧ್ಯಕ್ಷರಿಗೆ,
ಟಿಕೆಟ್ ಹಂಚುವ ಸಮಿತಿಗಳ ಸದಸ್ಯರಿಗೆ.

ಮಾನ್ಯರೇ,

ನಮಸ್ಕಾರ. ನಾನು ಬೀದರ್ ತಾಲ್ಲೂಕಿನ ಒಂದು ಹಳ್ಳಿಯವಳು. 2010ರಲ್ಲಿ ಗ್ರಾಮ ಪಂಚಾಯಿತಿಗೆ ಆರಿಸಿ ಬಂದೆ. ಅಧ್ಯಕ್ಷ ಸ್ಥಾನ ಮಹಿಳೆಗೆ ಮೀಸಲಾಯಿತು, ಅಧ್ಯಕ್ಷೆಯೂ ಆದೆ. ಇಷ್ಟು ವರ್ಷ ಹೊಟ್ಟೆಯಲ್ಲಿ ಇಟ್ಟುಕೊಂಡಿದ್ದ ಒಂದು ಮಾತನ್ನು ನಿಮ್ಮ ಮುಂದೆ ಇಡಬೇಕು. ಆದರೆ ಮೊದಲು ಪಂಜಾಬಿನ ಒಬ್ಬ ಹೆಣ್ಣುಮಗಳ ಕಥೆ ಹೇಳುತ್ತೇನೆ. ಅವರ ಹೆಸರು ರಾಜಿಂದರ್ ಕೌರ್ ಭಟ್ಟಲ್. ಪಂಜಾಬಿನ ಮೊದಲ ಮಹಿಳಾ ಮುಖ್ಯಮಂತ್ರಿ. ಆ ರಾಜ್ಯ ಇದುವರೆಗೆ ಕಂಡ ಒಬ್ಬರೇ ಮಹಿಳಾ ಮುಖ್ಯಮಂತ್ರಿ.

ಬೀದರಿನವಳಿಗೆ ಪಂಜಾಬಿನ ಕಥೆ ಯಾಕೆ ಎಂದು ನಿಮಗೆ ಅನ್ನಿಸಬಹುದು. ಬೀದರ್ ಬಲ್ಲವರಿಗೆ ಇದು ಹೊಸದಲ್ಲ. ಸಿಖ್ಖರ ಗುರುದ್ವಾರ ಗುರುನಾನಕ್ ಝೀರಾ ನಮ್ಮೂರಲ್ಲಿದೆ. ಸಿಖ್ಖರ ದೀಕ್ಷೆ ಪಡೆದವರ ಪಂಥವಾದ ಖಾಲ್ಸಾ ಹುಟ್ಟಿದಾಗ ತಲೆ ಕೊಡಲು ಎದ್ದು ನಿಂತ ಐವರಲ್ಲಿ ಒಬ್ಬರಾದ ಭಾಯಿ ಸಾಹಿಬ್ ಸಿಂಗ್ ಬೀದರಿನವರು. ಊರಿನಿಂದ ಹತ್ತು ಹನ್ನೆರಡು ಕಿಲೋಮೀಟರ್ ದೂರದ ಜನವಾಡದಲ್ಲಿ ಮಾಯಿ ಭಾಗೋ ಅವರ ಗುರುದ್ವಾರ ಇದೆ. 1705ರಲ್ಲಿ ಮುಕ್ತಸರದ ಕಾಳಗಕ್ಕೆ, ಗುರುವನ್ನು ಬಿಟ್ಟು ಮನೆಗೆ ಬಂದಿದ್ದ ನಲವತ್ತು ಗಂಡಸರನ್ನು ಬೈದು ಕರೆದುಕೊಂಡು ಹೋದ ಹೆಣ್ಣುಮಗಳು ಆಕೆ. ಗುರು ಗೋಬಿಂದ ಸಿಂಗ್ ನಾಂದೇಡಿನಲ್ಲಿ ತೀರಿಕೊಂಡ ಮೇಲೆ ಜನವಾಡಕ್ಕೆ ಬಂದು ಇಲ್ಲೇ ಕೊನೆಯುಸಿರೆಳೆದರು ಎಂದು ಸಿಖ್ಖರು ನಂಬುತ್ತಾರೆ. ಹಾಗಾಗಿ ಪಂಜಾಬಿನ ಬಸ್ಸುಗಳು ನಮ್ಮ ರಸ್ತೆಯಲ್ಲಿ ಓಡಾಡುವುದು ಮಾಮೂಲಿ.

ಅಲ್ಲಿನ ಲಂಗರಿಗೆ, ಅಂದರೆ ಎಲ್ಲರಿಗೂ ಉಚಿತವಾಗಿ ಊಟ ಹಾಕುವ ಅಡುಗೆಮನೆಗೆ, ನಾನು ಆಗಾಗ ಸೇವೆಗೆ ಹೋಗುತ್ತೇನೆ. ಅಧ್ಯಕ್ಷೆಯಾಗಿದ್ದಾಗ ಒಮ್ಮೆ ಹಾಗೆ ಹೋಗಿದ್ದೆ. ದೊಡ್ಡ ಹಂಚಿನ ಮುಂದೆ ಕೂತು ರೊಟ್ಟಿ ಲಟ್ಟಿಸುತ್ತಿದ್ದೆವು. ಅವರು ರೊಟ್ಟಿಗೆ ಪರ್ಶಾದಾ ಅನ್ನುತ್ತಾರೆ. ಪಕ್ಕದಲ್ಲಿ ಸಂಗ್ರೂರ್ ಕಡೆಯ ಒಬ್ಬ ಅಜ್ಜಿ ಇದ್ದರು. ಅರ್ಧ ಹಿಂದಿ, ಅರ್ಧ ಕೈಸನ್ನೆಯಲ್ಲಿ ಮಾತು. ನಾನು ಪಂಚಾಯಿತಿ ಅಧ್ಯಕ್ಷೆ ಎಂದು ಜೊತೆಯವಳೊಬ್ಬಳು ಹೇಳಿಬಿಟ್ಟಳು. ಅಜ್ಜಿ ಹಿಟ್ಟಿನ ಕೈಯಲ್ಲೇ ನನ್ನ ಗಲ್ಲ ಹಿಡಿದರು. "ನಮ್ಮ ಕಡೆಯ ಬೀಬಿ ಮುಖ್ಯಮಂತ್ರಿ ಆಗಿದ್ದಳು ಗೊತ್ತಾ?" ಎಂದರು. ಆಮೇಲೆ ಲಟ್ಟಣಿಗೆ ಕೆಳಗಿಟ್ಟು, "ಆದರೆ ಮೂರು ತಿಂಗಳೂ ಕೂರಲು ಬಿಡಲಿಲ್ಲ" ಎಂದರು.

ಪಂಜಾಬಿನಲ್ಲಿ ಬೀಬಿ ಎಂದರೆ ನಾವು ಅಕ್ಕಾವ್ರೇ, ಅಮ್ಮಾವ್ರೇ ಅಂದ ಹಾಗೆ. ಅಲ್ಲಿನ ಜನರಿಗೆ ಅವರು ಬೀಬಿ ಭಟ್ಟಲ್. ಆವತ್ತಿನಿಂದ ಸಿಕ್ಕಸಿಕ್ಕಲ್ಲಿ ಅವರ ಬಗ್ಗೆ ಓದುತ್ತಾ ಬಂದೆ.

ಅವರು ಹುಟ್ಟಿದ್ದು 1945ರಲ್ಲಿ, ಲಾಹೋರಿನಲ್ಲಿ. ದೇಶ ಇಬ್ಭಾಗವಾಗಲು ಇನ್ನೆರಡು ವರ್ಷ ಇತ್ತು. ರಾಜಕೀಯ ಕಟ್ಟಿಕೊಂಡಿದ್ದು ಸಂಗ್ರೂರ್ ಜಿಲ್ಲೆಯ ಲೆಹ್ರಾದಲ್ಲಿ, ಕಾಂಗ್ರೆಸ್ಸಿನಿಂದ. ಅದು ಪಂಜಾಬಿನ ದಕ್ಷಿಣದ ಅಂಚು, ಪಕ್ಕಕ್ಕೇ ಹರಿಯಾಣ. ಘಗ್ಗರ್ ನದಿ ಉಕ್ಕಿದ ವರ್ಷ ಮೂನಕ್, ಖನೌರಿ ಕಡೆಯ ಗದ್ದೆಗಳು ನೀರಲ್ಲಿ ನಿಲ್ಲುತ್ತವೆ. ಸಾಲಕ್ಕೆ ಹೆದರಿ ಜೀವ ಕಳೆದುಕೊಂಡ ರೈತರ ಮನೆಗಳು ಆ ಭಾಗದಲ್ಲಿ ಜಾಸ್ತಿ. ಪಂಜಾಬ್ ಎಂದರೆ ಬರೀ ಸಮೃದ್ಧಿ ಅಂದುಕೊಂಡವರು ಲೆಹ್ರಾ ಕಡೆ ನೋಡಬೇಕು.

ಅವರು ವಿಧಾನಸಭೆಗೆ ಆರಿಸಿ ಬಂದಿದ್ದು 1992ರಲ್ಲಿ. ಆ ಚುನಾವಣೆ ಹೇಗಿತ್ತು ಎಂದು ನಿಮ್ಮಲ್ಲಿ ಹಿರಿಯರಿಗೆ ನೆನಪಿರುತ್ತದೆ. ಉಗ್ರರ ಬಂದೂಕಿನ ಕಾಲ. ಹಿಂದಿನ ವರ್ಷ ನಡೆಯಬೇಕಿದ್ದ ಚುನಾವಣೆಯಲ್ಲಿ ಹಲವು ಅಭ್ಯರ್ಥಿಗಳನ್ನೇ ಕೊಂದಿದ್ದರು, ಮತದಾನಕ್ಕೆ ಇನ್ನೇನು ಒಂದು ದಿನ ಅನ್ನುವಾಗ ಅದನ್ನು ಮುಂದೂಡಿದರು. 1992ರ ಫೆಬ್ರವರಿಯಲ್ಲಿ ಮತ್ತೆ ನಡೆದಾಗ ಸಿಖ್ಖರ ಪಕ್ಷವಾದ ಅಕಾಲಿದಳದ ಬಣಗಳಲ್ಲಿ ಹೆಚ್ಚಿನವರು ಬಹಿಷ್ಕಾರ ಹಾಕಿದರು. ಮತ ಹಾಕಿದವರು ನೂರಕ್ಕೆ 24 ಜನ ಮಾತ್ರ. ಬಹಿಷ್ಕಾರದಿಂದ ಕಾಂಗ್ರೆಸ್ಸಿಗೆ ಗೆಲುವು ಸುಲಭವಾಯಿತು, ನಿಜ. ಆದರೆ ಅಂಥ ದಿನಗಳಲ್ಲಿ ಹಳ್ಳಿಹಳ್ಳಿ ತಿರುಗಿ ಮತ ಕೇಳುವುದು ಸುಲಭವಿತ್ತು ಎಂದು ಯಾರೂ ಹೇಳಲಾರರು.

ಈಗ 1996ಕ್ಕೆ ಬರೋಣ. ಈ ಭಾಗವನ್ನು ದಯವಿಟ್ಟು ನಿಧಾನವಾಗಿ ಓದಿ.

ಮುಖ್ಯಮಂತ್ರಿ ಬಿಯಾಂತ್ ಸಿಂಗ್ ಅವರನ್ನು 1995ರ ಆಗಸ್ಟ್ 31ರಂದು ಚಂಡೀಗಢದ ಸಚಿವಾಲಯದ ಬಾಗಿಲಲ್ಲೇ ಮಾನವ ಬಾಂಬ್ ದಾಳಿಯಲ್ಲಿ ಕೊಂದರು. ಹರಚರಣ್ ಸಿಂಗ್ ಬ್ರಾರ್ ಬಂದರು. 1996ರ ಲೋಕಸಭೆ ಚುನಾವಣೆಯಲ್ಲಿ ಪಂಜಾಬಿನ 13 ಸ್ಥಾನಗಳಲ್ಲಿ ಕಾಂಗ್ರೆಸ್ಸಿಗೆ ಸಿಕ್ಕಿದ್ದು ಎರಡೇ. ಜನರ ಮನಸ್ಸು ಎತ್ತ ಹೊರಳಿದೆ ಎಂದು ಆಗಲೇ ಗೊತ್ತಾಗಿತ್ತು. ಪಕ್ಷದ ಒಳಜಗಳ ಬೀದಿಗೆ ಬಂದಿತ್ತು. ವಿಧಾನಸಭೆಯ ಅವಧಿ ಮುಗಿಯಲು ಬಂದಿತ್ತು. ಆಗ, 1996ರ ನವೆಂಬರ್ 21ರಂದು, ಬ್ರಾರ್ ಅವರನ್ನು ಇಳಿಸಿ ಭಟ್ಟಲ್ ಅವರನ್ನು ಕೂರಿಸಿದರು.

ಚುನಾವಣೆ ನಡೆದಿದ್ದು 1997ರ ಫೆಬ್ರವರಿ 7ಕ್ಕೆ. ಅವರು ಕುರ್ಚಿ ಬಿಟ್ಟಿದ್ದು ಫೆಬ್ರವರಿ 11ಕ್ಕೆ. ಒಟ್ಟು 82 ದಿನ. ಅದರಲ್ಲೂ ಚುನಾವಣೆ ಘೋಷಣೆಯಾದ ಮೇಲಿನ ದಿನಗಳಲ್ಲಿ ನೀತಿಸಂಹಿತೆ ಇರುತ್ತದೆ. ಹೊಸದಾಗಿ ಏನೂ ಮಾಡುವಂತಿಲ್ಲ. ಒಬ್ಬ ಪಂಚಾಯಿತಿ ಅಧ್ಯಕ್ಷೆಗೂ ಕಡತಗಳು ಎಲ್ಲಿವೆ, ಬಾಕಿ ಬಿಲ್ಲು ಎಷ್ಟಿದೆ ಎಂದು ತಿಳಿಯಲು ಮೂರು ತಿಂಗಳು ಬೇಕು. ನಾನು ಮಾಡಿ ನೋಡಿದ್ದೇನೆ. ಅವರಿಗೆ ಒಂದು ರಾಜ್ಯವನ್ನು ಅಷ್ಟು ದಿನಕ್ಕೆ ಕೊಟ್ಟರು.

ಅಷ್ಟರಲ್ಲೇ ಅವರು ಸಣ್ಣ ರೈತರ ಪಂಪ್‌ಸೆಟ್ಟಿಗೆ ಉಚಿತ ವಿದ್ಯುತ್ ಕೊಡುವ ತೀರ್ಮಾನ ತೆಗೆದುಕೊಂಡರು. ಆಮೇಲೆ ಬಂದ ಪ್ರಕಾಶ್ ಸಿಂಗ್ ಬಾದಲ್ ಸರ್ಕಾರ ಅದನ್ನು ಎಲ್ಲ ರೈತರಿಗೂ ಹಿಗ್ಗಿಸಿತು. ಇವತ್ತು ಪಂಜಾಬಿನ ಅಂತರ್ಜಲ ಪಾತಾಳಕ್ಕೆ ಇಳಿದಿದೆ, ಅದಕ್ಕೆ ಉಚಿತ ವಿದ್ಯುತ್ತೂ ಒಂದು ಕಾರಣ ಎನ್ನುವವರಿದ್ದಾರೆ. ಆ ಚರ್ಚೆ ಆಗಲಿ, ಆಗಬೇಕಾದ್ದೇ. ನಾನು ಇದನ್ನು ಹೇಳುತ್ತಿರುವುದು ಬೇರೆ ಕಾರಣಕ್ಕೆ. ಸುಮ್ನೆ ಸಹಿ ಹಾಕಿ ದಿನ ಕಳೆಯುವವರಾಗಿದ್ದರೆ ಇಂಥ ತೀರ್ಮಾನಕ್ಕೆ ಕೈ ಹಾಕುತ್ತಿರಲಿಲ್ಲ.

ಫಲಿತಾಂಶ ಬಂತು. 1992ರಲ್ಲಿ 117ರಲ್ಲಿ 87 ಗೆದ್ದಿದ್ದ ಕಾಂಗ್ರೆಸ್ 14ಕ್ಕೆ ಕುಸಿಯಿತು. ಸುಮಾರು ಐದು ವರ್ಷದ ಆಡಳಿತದಲ್ಲಿ ಅವರದ್ದು ಮೂರು ತಿಂಗಳೂ ಇಲ್ಲ. ಆದರೂ ಸೋತಾಗ ಮುಖ್ಯಮಂತ್ರಿ ಯಾರು? ರಾಜಿಂದರ್ ಕೌರ್ ಭಟ್ಟಲ್. ಪುಸ್ತಕದಲ್ಲಿ ಉಳಿಯುವುದು ಅಷ್ಟೇ ಅಲ್ವಾ?

ನನಗೆ ಅವರ ಮೇಲೆ ಗೌರವ ಹೆಚ್ಚಿದ್ದು ಈ 82 ದಿನಗಳಿಂದಲ್ಲ, ಆಮೇಲಿನ ವರ್ಷಗಳಿಂದ. ಆ ಬಿರುಗಾಳಿಯಲ್ಲೂ ಲೆಹ್ರಾದ ಜನ ಅವರನ್ನು ಗೆಲ್ಲಿಸಿದರು. 2002ರಲ್ಲಿ ಗೆದ್ದರು, 2007ರಲ್ಲಿ ಗೆದ್ದರು, 2012ರಲ್ಲೂ ಗೆದ್ದರು. ಒಂದೇ ಕ್ಷೇತ್ರದಿಂದ ಸಾಲಾಗಿ ಐದು ಸಲ. ಮೀಸಲು ಕ್ಷೇತ್ರ ಅಲ್ಲ, ಜನರಲ್ ಸೀಟು. 2002ರಲ್ಲಿ ಪಕ್ಷ ಅಧಿಕಾರಕ್ಕೆ ಬಂದಾಗ ಮುಖ್ಯಮಂತ್ರಿ ಆಗಿದ್ದು ಅಮರಿಂದರ್ ಸಿಂಗ್. ಅವರಿಗೂ ಭಟ್ಟಲ್ ಅವರಿಗೂ ಜಟಾಪಟಿ ನಡೆಯಿತು, ಶಾಸಕರನ್ನು ಕಟ್ಟಿಕೊಂಡು ಇವರು ಎದುರು ನಿಂತರು. 2004ರಲ್ಲಿ ಉಪಮುಖ್ಯಮಂತ್ರಿ ಆದರು. 2007ರಲ್ಲಿ ಪಕ್ಷ ಸೋತ ಮೇಲೆ ವಿಧಾನಸಭೆಯಲ್ಲಿ ವಿರೋಧ ಪಕ್ಷದ ನಾಯಕಿಯಾಗಿ ಕೂತರು. ಗುಂಪುಗಾರಿಕೆ ಮಾಡಿದರು ಎಂದು ಅವರನ್ನು ದೂರುವವರಿದ್ದಾರೆ. ಮಾಡಿದರು, ಅದರಲ್ಲಿ ಮುಚ್ಚಿಡುವುದೇನಿಲ್ಲ. ಗಂಡಸರು ಮಾಡಿದರೆ ಅದಕ್ಕೆ ನಾಯಕತ್ವ ಎನ್ನುತ್ತೇವೆ, ಹೆಂಗಸು ಮಾಡಿದರೆ ಜಗಳಗಂಟಿ ಎನ್ನುತ್ತೇವೆ. 2017ರಲ್ಲಿ ಅವರು ಲೆಹ್ರಾದಲ್ಲಿ ಸೋತರು. 2022ರಲ್ಲಿ ಮತ್ತೆ ನಿಂತು ಮತ್ತೆ ಸೋತರು. ಆಗ ಅವರಿಗೆ 76 ವರ್ಷ.

ಮಾನ್ಯರೇ, ಇದು ಒಬ್ಬರ ಕಥೆ ಮಾತ್ರ ಆಗಿದ್ದರೆ ನಾನು ಪತ್ರ ಬರೆಯುತ್ತಿರಲಿಲ್ಲ. 1998ರಲ್ಲಿ ದೆಹಲಿಯಲ್ಲಿ ಈರುಳ್ಳಿ ಬೆಲೆ ಏರಿ ಜನ ಸಿಟ್ಟಿಗೆದ್ದಾಗ, ಚುನಾವಣೆ ಹೊಸ್ತಿಲಲ್ಲಿ ಇದ್ದಾಗ, ಸುಷ್ಮಾ ಸ್ವರಾಜ್ ಅವರನ್ನು ಮುಖ್ಯಮಂತ್ರಿ ಮಾಡಿದರು. ಅವರಿಗೆ ಸಿಕ್ಕಿದ್ದು 52 ದಿನ. ಮರುವರ್ಷ ಅವರನ್ನೇ ಬಳ್ಳಾರಿಗೆ ಕಳಿಸಿದರು, ಸೋನಿಯಾ ಗಾಂಧಿಯವರ ಎದುರು. ಕೆಲವೇ ದಿನಗಳಲ್ಲಿ ಕನ್ನಡ ಕಲಿತು ಭಾಷಣ ಮಾಡಿದ್ದನ್ನು ನಮ್ಮ ಜನ ಇವತ್ತಿಗೂ ನೆನೆಯುತ್ತಾರೆ. ಗೆಲ್ಲುವುದು ಕಷ್ಟವಾದ ಕಡೆಗೇ ಅವರನ್ನು ಎರಡು ಸಲ ಕಳಿಸಿದರು. 2024ರ ಸೆಪ್ಟೆಂಬರಿನಲ್ಲಿ ಅದೇ ದೆಹಲಿಯಲ್ಲಿ, ಬೇರೆ ಪಕ್ಷದಲ್ಲಿ, ಆತಿಶಿ ಮುಖ್ಯಮಂತ್ರಿ ಆದರು. ಮುಂದಿನ ಫೆಬ್ರವರಿಗೆ ಚುನಾವಣೆ. ಹಿಂದಿನ ಮುಖ್ಯಮಂತ್ರಿಯ ಕುರ್ಚಿಯನ್ನು ಪಕ್ಕದಲ್ಲಿ ಖಾಲಿ ಇಟ್ಟು, ತಾವು ಇನ್ನೊಂದು ಕುರ್ಚಿಯಲ್ಲಿ ಕೂತರು. ರಾಮನ ಪಾದುಕೆ ಇಟ್ಟು ಭರತ ಆಳಿದ ಹಾಗೆ ಎಂದರು. ಅದು ಅವರ ನಿಷ್ಠೆ ಇರಬಹುದು, ನಾನು ಅವರನ್ನು ಟೀಕಿಸುವುದಿಲ್ಲ. ಆದರೆ ಆ ಚಿತ್ರ ನೋಡಿ ನನಗೆ ಊಟ ಸೇರಲಿಲ್ಲ. ಯಾಕೆಂದರೆ ಆ ಖಾಲಿ ಕುರ್ಚಿಯನ್ನು ನಾನು ಬಲ್ಲೆ.

ನಮ್ಮ ಪಂಚಾಯಿತಿಯಲ್ಲಿ ಕುರ್ಚಿ ಖಾಲಿ ಇರುತ್ತಿರಲಿಲ್ಲ, ನನ್ನ ಗಂಡ ಕೂರುತ್ತಿದ್ದರು. ಅವರು ಕೆಟ್ಟವರಲ್ಲ. ಊರೇ ಅವರನ್ನು ಕೂರಿಸುತ್ತಿತ್ತು. ಮೊದಲ ಸಭೆಯ ದಿನ ನಾನು ಇಳಕಲ್ ಸೀರೆ ಉಟ್ಟು ಹೋಗಿದ್ದೆ. ಠರಾವು ಪುಸ್ತಕ ಮೇಜಿನ ಮೇಲೆ ಬಂತು. ತಂದವರು ಅದನ್ನು ನನ್ನ ಮುಂದೆ ಇಡಲಿಲ್ಲ, ಗಂಡನ ಮುಂದೆ ಬಿಚ್ಚಿಟ್ಟರು. ಅವರು ಓದಿ, ತಲೆಯಾಡಿಸಿ, ಪುಸ್ತಕ ನನ್ನ ಕಡೆ ಸರಿಸಿ, "ಇಲ್ಲಿ" ಎಂದು ಬೆರಳಿಟ್ಟು ತೋರಿಸಿದರು. ನಾನು ಸಹಿ ಮಾಡಿದೆ. ಆ ಬೆರಳು ಇದ್ದ ಜಾಗ ನನಗೆ ಈಗಲೂ ಕಣ್ಣಿಗೆ ಕಟ್ಟಿದೆ.

ಏಳನೇ ತಿಂಗಳಿಗೆ ನಾನು ಪುಸ್ತಕ ಮೊದಲು ನನಗೆ ಕೊಡಿ ಎಂದೆ. ಸಭೆಯಲ್ಲಿ ಯಾರೂ ಮಾತಾಡಲಿಲ್ಲ. ಆ ದಿನ ಓದಿದಾಗ ಗೊತ್ತಾಯಿತು, ಒಂದೇ ಚರಂಡಿ ಕೆಲಸ ಎರಡು ಸಲ ಬರೆದಿತ್ತು. ಹೊಡೆದು ಹಾಕಿಸಿದೆ. ಮನೆಯಲ್ಲಿ ನಾಲ್ಕು ದಿನ ಮಾತಿಲ್ಲ. ಆಮೇಲೆ ಗಂಡ ತಾವೇ ಸಭೆಗೆ ಬರುವುದು ಬಿಟ್ಟರು. ಉಳಿದ ಅವಧಿ ನಾನೇ ನಡೆಸಿದೆ. ಶಾಲೆಯ ಹೆಣ್ಣುಮಕ್ಕಳಿಗೆ ಶೌಚಾಲಯ ಆಯಿತು. ಮೇಲಿನ ಓಣಿಗೆ ನೀರಿನ ಪೈಪು ಹೋಯಿತು.

ಆ ಧೈರ್ಯದಲ್ಲಿ 2016ರಲ್ಲಿ ತಾಲ್ಲೂಕು ಪಂಚಾಯಿತಿಗೆ ಟಿಕೆಟ್ ಕೇಳಲು ಒಂದು ಪಕ್ಷದ ಕಚೇರಿಗೆ ಹೋದೆ. ಯಾವ ಪಕ್ಷ ಎಂದು ಹೇಳುವುದಿಲ್ಲ. ಬೇರೆ ಪಕ್ಷಕ್ಕೆ ಹೋಗಿದ್ದರೂ ಅದೇ ಮಾತು ಸಿಗುತ್ತಿತ್ತು ಎಂದು ಈಗ ಗೊತ್ತು. ಅಲ್ಲಿದ್ದ ಹಿರಿಯರು ಚಹಾ ತರಿಸಿದರು, ಚೆನ್ನಾಗಿಯೇ ಮಾತಾಡಿಸಿದರು. ಕೊನೆಗೆ, "ತಾಯಿ, ಇದು ಜನರಲ್ ಸೀಟು. ಲೇಡೀಸ್ ಬಂದಾಗ ನೋಡೋಣ" ಎಂದರು. ನಾನು ಮಾಡಿದ ಕೆಲಸದ ಬಗ್ಗೆ ಒಂದು ಪ್ರಶ್ನೆಯನ್ನೂ ಕೇಳಲಿಲ್ಲ. ನನ್ನ ಅರ್ಜಿ ಅವರ ಚಹಾದ ಲೋಟದ ಕೆಳಗೇ ಇತ್ತು. ಎದ್ದು ಬರುವಾಗ ನೋಡಿದೆ, ಅದರ ಮೇಲೆ ದುಂಡಗೆ ಕಲೆ ಬಿದ್ದಿತ್ತು.

ಜನರಲ್ ಎಂದರೆ ಎಲ್ಲರದ್ದು ಎಂದು ಅರ್ಥ. ನಮ್ಮಲ್ಲಿ ಅದು ಗಂಡಸರ ಸೀಟು ಎಂದು ಆಗಿಬಿಟ್ಟಿದೆ. ಭಟ್ಟಲ್ ಐದು ಸಲ ಗೆದ್ದಿದ್ದು ಅಂಥ ಸೀಟಿನಲ್ಲೇ. ನಮ್ಮಲ್ಲಿ ಉದಾಹರಣೆ ಇಲ್ಲವೇ? ಗುಂಡ್ಲುಪೇಟೆಯ ಕೆ.ಎಸ್. ನಾಗರತ್ನಮ್ಮ ಏಳು ಸಲ ಗೆದ್ದರು. 1972ರಿಂದ ವಿಧಾನಸಭೆಯ ಅಧ್ಯಕ್ಷ ಪೀಠದಲ್ಲಿ ಕೂತು ಸದನ ನಡೆಸಿದರು. ಏಳು ಸಲ ಗೆದ್ದ ಗಂಡಸಿನ ಹೆಸರು ಮುಖ್ಯಮಂತ್ರಿ ಸ್ಥಾನಕ್ಕೆ ಕೇಳಿಬರದೆ ಇರುತ್ತದೆಯೇ? ಪಂಜಾಬಿಗೆ 82 ದಿನವಾದರೂ ಒಬ್ಬರು ಸಿಕ್ಕರು. ಕರ್ನಾಟಕಕ್ಕೆ ಒಂದು ದಿನಕ್ಕೂ ಮಹಿಳಾ ಮುಖ್ಯಮಂತ್ರಿ ಸಿಕ್ಕಿಲ್ಲ. 2023ರಲ್ಲಿ ನಮ್ಮ 224 ಕ್ಷೇತ್ರಗಳಿಂದ ಆರಿಸಿ ಬಂದ ಮಹಿಳೆಯರು ಹತ್ತು ಜನ. ಪಂಜಾಬಿನಲ್ಲಿ 2022ರಲ್ಲಿ 117ಕ್ಕೆ 13. ಅವರದ್ದೂ ಹೇಳಿಕೊಳ್ಳುವಂಥದ್ದಲ್ಲ, ಆದರೆ ನಮ್ಮದಕ್ಕಿಂತ ವಾಸಿ.

ಜನ ಹೆಂಗಸರಿಗೆ ವೋಟು ಹಾಕುವುದಿಲ್ಲ ಎಂದು ನೀವು ಹೇಳುತ್ತೀರಿ. ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಮ್ ಎಜ್‌ಬಾಸ್ಟನ್ ಕ್ಷೇತ್ರ ನೋಡಿ. 1953ರಿಂದ ಅಲ್ಲಿ ಗೆದ್ದವರೆಲ್ಲ ಮಹಿಳೆಯರೇ. ಮೊದಲು ಒಂದು ಪಕ್ಷ, ಆಮೇಲೆ ಅದರ ಎದುರಾಳಿ ಪಕ್ಷ, ಆದರೆ ಅಭ್ಯರ್ಥಿ ಹೆಣ್ಣುಮಗಳು. 2017ರಲ್ಲಿ ಅಲ್ಲಿಂದಲೇ ಪ್ರೀತ್ ಕೌರ್ ಗಿಲ್ ಗೆದ್ದು ಬ್ರಿಟಿಷ್ ಸಂಸತ್ತಿನ ಮೊದಲ ಸಿಖ್ ಮಹಿಳಾ ಸದಸ್ಯೆ ಆದರು. ಅಲ್ಲಿನ ಜನರಿಗೆ ಹೆಣ್ಣುಮಗಳಿಗೆ ವೋಟು ಹಾಕುವುದು ಅಭ್ಯಾಸವಾಗಿದೆ. ಲೆಹ್ರಾದ ಜನರಿಗೂ ಅಭ್ಯಾಸ ಆಗಿತ್ತು. ನೀವು ಬಿ ಫಾರಂ ಕೊಟ್ಟರೆ ತಾನೇ ನಮ್ಮ ಜನರಿಗೆ ಅಭ್ಯಾಸ ಆಗುವುದು?

ಮಹಿಳಾ ಮೀಸಲು ಬಂತಲ್ಲ, ಇನ್ನೇನು ಬೇಕು ಎಂದು ಕೇಳಬೇಡಿ. 2023ರಲ್ಲಿ ಸಂವಿಧಾನ ತಿದ್ದುಪಡಿ ಆಯಿತು, ಲೋಕಸಭೆ ವಿಧಾನಸಭೆಗಳಲ್ಲಿ ಮೂರನೇ ಒಂದು ಪಾಲು ಎಂದು ಬರೆದರು. ಆದರೆ ಜನಗಣತಿ ಆಗಿ, ಕ್ಷೇತ್ರ ಮರುವಿಂಗಡಣೆ ಆದ ಮೇಲೆ ಜಾರಿ ಎಂದೂ ಅದರಲ್ಲೇ ಬರೆದಿದೆ. ನಿಮ್ಮ ಪಕ್ಷದ ಪಟ್ಟಿಗೆ ಆ ತಡೆ ಇಲ್ಲ. ಅದನ್ನು ನಾಳೆಯೇ ಬದಲಿಸಬಹುದು. ಅದಕ್ಕೆ ಯಾವ ಗಣತಿಯೂ ಬೇಡ.

ನಾನು ಕೇಳುವುದು ಇಷ್ಟು. ಪಂಚಾಯಿತಿಯಲ್ಲಿ ಅವಧಿ ಮುಗಿಸಿ ಕೆಲಸ ತೋರಿಸಿದ ಹೆಣ್ಣುಮಕ್ಕಳನ್ನು ಜನರಲ್ ಸೀಟಿಗೆ ನಿಲ್ಲಿಸಿ, ಅದೂ ನೀವು ಗೆಲ್ಲುವ ಕ್ಷೇತ್ರಗಳಲ್ಲಿ. ಸೋಲು ಖಚಿತವಾದ ಕಡೆ ಒಂದೆರಡು ಹೆಸರು ಸೇರಿಸಿ ಲೆಕ್ಕ ತೋರಿಸಬೇಡಿ. ಸತ್ತ ನಾಯಕರ ಹೆಂಡತಿ, ಜೈಲಿಗೆ ಹೋದವರ ಹೆಂಡತಿ ಎಂದು ಹುಡುಕಬೇಡಿ, ದುಡಿದವರನ್ನು ಹುಡುಕಿ. ಮಂತ್ರಿ ಮಾಡುವುದಾದರೆ, ಮುಖ್ಯಮಂತ್ರಿ ಮಾಡುವುದಾದರೆ ಮೊದಲ ದಿನದಿಂದ ಮಾಡಿ. ಐದು ವರ್ಷ ಕೊಡಿ. ಆಮೇಲೆ ತಪ್ಪಿದ್ದರೆ ಬೈಯಿರಿ, ಸೋಲಿಸಿ, ನಮ್ಮ ತಕರಾರಿಲ್ಲ. ನಿಮ್ಮ ಪಕ್ಷದಿಂದ ಗೆದ್ದ ಅಧ್ಯಕ್ಷೆಯರ ಸಭೆಗೆ ಗಂಡ, ಮಗ, ಮೈದುನ ಹೋಗಿ ಕೂತರೆ ಒಂದು ನೋಟಿಸು ಕಳಿಸಿ. ಪೊಲೀಸು ಬೇಡ, ಕೋರ್ಟು ಬೇಡ, ಪಕ್ಷದ ಲೆಟರ್‌ಹೆಡ್ಡಿನಲ್ಲಿ ಒಂದು ಸಾಲು ಸಾಕು. ಊರಲ್ಲಿ ಅದಕ್ಕೆ ಎಷ್ಟು ಬೆಲೆ ಇದೆ ಎಂದು ನಿಮಗೇ ಗೊತ್ತು.

ಜನವಾಡದ ಆ ಅಜ್ಜಿಯನ್ನು ಮತ್ತೆ ನೋಡಲಿಲ್ಲ. ಅವರು ಬಸ್ಸು ಹತ್ತುವ ಮೊದಲು, "ನಿನಗೆ ಎಷ್ಟು ದಿನ ಕೊಟ್ಟಿದ್ದಾರೆ?" ಎಂದು ಕೇಳಿದ್ದರು. ಎರಡೂವರೆ ವರ್ಷ ಎಂದಿದ್ದೆ. "ನಮ್ಮ ಬೀಬಿಗಿಂತ ಜಾಸ್ತಿ" ಎಂದು ಬೆನ್ನು ತಟ್ಟಿದ್ದರು.

ಮುಂದಿನ ಚುನಾವಣೆಗೆ ನೀವು ಪಟ್ಟಿ ಬಿಡುವ ದಿನ ನಾನು ಪೇಪರ್ ತರಿಸಿ ಪೆನ್ನು ಹಿಡಿದು ಕೂರುತ್ತೇನೆ. ಜನರಲ್ ಸೀಟುಗಳ ಎದುರಿಗೆ ಎಷ್ಟು ಹೆಣ್ಣುಮಕ್ಕಳ ಹೆಸರಿದೆ ಎಂದು ಗುರುತು ಹಾಕುತ್ತೇನೆ. ಅದಕ್ಕೂ ಮೊದಲು ಹೊಸ ಅರ್ಜಿ ಬರೆದು ನಿಮ್ಮ ಕಚೇರಿಗೆ ನಾನೇ ತಂದು ಕೊಡುತ್ತೇನೆ. ಈ ಸಲ ದಯವಿಟ್ಟು ಅದನ್ನು ಓದಿ.

ಇಂತಿ ತಮ್ಮ ವಿಶ್ವಾಸಿ,
ಗ್ರಾಮ ಪಂಚಾಯಿತಿಯ ಮಾಜಿ ಅಧ್ಯಕ್ಷೆ,
ಬೀದರ್ ತಾಲ್ಲೂಕು